ಐದಕ್ಕೆ ಬೀಳುವ ತಾಮ್ರ

ಭರಮಪ್ಪ ಸತ್ತ ಟಗರನ್ನು ತಿರಕಪ್ಪನ ಮೇಜಿನ ಮೇಲೆ ಎಸೆದ. ಗಾಜಿನ ನಳಿಗೆಗಳು ಒಡೆದವು. ತಿರಕಪ್ಪ ಎದ್ದು ನಿಲ್ಲುವುದರೊಳಗೆ ಕೊಡಲಿಯ ಕಾವು ಅವನ ದವಡೆಗೆ ಬಿತ್ತು. ಬಾಯಲ್ಲಿ ಒಂದು ಹಲ್ಲು ಕಳಚಿತು. ಅದನ್ನು ಉಗುಳಿದ.

"ನಮ್ಮ ಕುರಿ ಹಳ್ಳದಾಗ ಸತ್ತು ಬಿದ್ದಾವು. ಏನ ಕಲಸೀದಿಲೇ ನೀರಾಗ?"

ತಿರ್ಲಾಪುರದ ಹಳ್ಳದ ದಂಡೆಯ ಆ ಶೆಡ್ಡು ಶಂಭುಲಿಂಗಪ್ಪನದು. ತಾಮ್ರದ ಕೊಡ, ಹಂಡೆಗಳನ್ನು ಅಲ್ಲಿ ಆ್ಯಸಿಡ್ಡಿನಲ್ಲಿ ಅದ್ದಿ ಬೆಳಗುತ್ತಿದ್ದರು. ತೊಳೆದ ನೀರು ಹೊಂಡಕ್ಕೆ ಬೀಳುತ್ತಿತ್ತು, ತೂಬು ತೆಗೆದರೆ ಹಳ್ಳಕ್ಕೆ. ಎಂಬತ್ತಾರರ ಆ ಬೇಸಿಗೆಯಲ್ಲಿ ಹಳ್ಳದಲ್ಲಿ ಬೇರೆ ನೀರಿರಲಿಲ್ಲ. ಹೊಂಡಕ್ಕೆ ಸುಣ್ಣ ಹಾಕಿದರೆ ಹುಳಿ ಇಳಿದು ಪಿಎಚ್ ಏರುತ್ತದೆ, ಕರಗಿದ ತಾಮ್ರ ನೀಲಿ ಗಸಿಯಾಗಿ ತಳಕ್ಕೆ ಕೂರುತ್ತದೆ. ಎಷ್ಟು ಪಿಎಚ್‌ಗೆ ಕೂರುತ್ತದೆಂದು ಲೆಕ್ಕ ಹಾಕಲು ಬಿ.ಎಸ್ಸಿ. ಓದಿದ ತಿರಕಪ್ಪನನ್ನು ಶಂಭುಲಿಂಗಪ್ಪ ಕೆಲಸಕ್ಕೆ ಇಟ್ಟುಕೊಂಡಿದ್ದ.

ಲೆಕ್ಕ ಕಷ್ಟದ್ದಲ್ಲ. ಗಸಿ ಎಷ್ಟು ಕರಗಬಲ್ಲದೆಂದು ಹೇಳುವ ಪುಸ್ತಕದ ಅಂಕಿ, ವಿಲೇಯತಾ ಗುಣಲಬ್ಧವನ್ನು, ನೀರಿನಲ್ಲಿರುವ ತಾಮ್ರದಿಂದ ಭಾಗಿಸಿ ವರ್ಗಮೂಲ ತೆಗೆದರೆ ಹೈಡ್ರಾಕ್ಸೈಡ್ ಹತ್ತರ ಘಾತ ಮೈನಸ್ ಒಂಬತ್ತು ಬಂತು. ಹದಿನಾಲ್ಕರಲ್ಲಿ ಒಂಬತ್ತು ಕಳೆದರೆ ಪಿಎಚ್ ಐದು. "ಐದಕ್ಕ ಬೀಳತೈತ್ರಿ," ಎಂದು ತಿರಕಪ್ಪ ಹೇಳಿದ್ದ. ಪಿಎಚ್ ಅಳೆಯುವ ಕಾಗದದ ಪಟ್ಟಿ ಐದು ತೋರಿಸಿದ್ದೇ ಸುಣ್ಣ ನಿಲ್ಲಿಸಿದರು. ನೀಲಿ ಕೂತಿತು, ತೂಬು ತೆಗೆದರು.

ಕೂಗು ಕೇಳಿ ಶಂಭುಲಿಂಗಪ್ಪ ಓಡಿ ಬಂದ. ಅಷ್ಟರಲ್ಲಿ ಭರಮಪ್ಪ ಮತ್ತು ಅವನ ತಮ್ಮ ಅಮೋಘಸಿದ್ದಪ್ಪ ತಿರಕಪ್ಪನನ್ನು ಹೊಂಡದ ದಂಡೆಗೆ ಎಳೆದು ತಂದಿದ್ದರು.

"ಬಿಡೋ ಅವನ್ನ. ನೀರು ಅಗದಿ ಸ್ವಚ್ಛ ಐತಿ," ಎಂದ ಶಂಭುಲಿಂಗಪ್ಪ.

"ಸ್ವಚ್ಛ ಐತೇನ್ರಿ ಸಾವ್ಕಾರ್ರ?" ಭರಮಪ್ಪ ಹಲ್ಲು ಕಿರಿದ. "ಹಂಗಾರ ಕುಡೀರಿ. ಕುರಿ ಕುಡದಾವಲ್ಲ."

"ಕುಡೀತೀನಿ. ಅದ್ರಾಗೇನೈತಿ?" ಶಂಭುಲಿಂಗಪ್ಪ ಸ್ಟೀಲಿನ ಗ್ಲಾಸನ್ನು ಹೊಂಡದಲ್ಲಿ ಅದ್ದಿದ.

ರಕ್ತ ನುಂಗುತ್ತಲೇ ತಿರಕಪ್ಪ ಲೆಕ್ಕವನ್ನು ಮತ್ತೆ ನೆನೆದ. ಐದಕ್ಕೆ ಗಸಿಯ ಮೊದಲ ಕಣ ಹುಟ್ಟುತ್ತದೆ, ಅಷ್ಟೇ. ಮಿಕ್ಕ ತಾಮ್ರ ನೀರಲ್ಲೇ ಇರುತ್ತದೆ. ಅದು ಮೊದಲಿದ್ದುದರ ಹತ್ತು ಲಕ್ಷದಲ್ಲೊಂದು ಪಾಲಿಗೆ ಇಳಿಯಬೇಕಾದರೆ ಪಿಎಚ್ ಎಂಟಾಗಬೇಕು.

"ಕುಡೀಬ್ಯಾಡ್ರಿ!" ಎಂದು ಗ್ಲಾಸಿಗೆ ಕೈ ಹಾಕಿದ. ಅಮೋಘಸಿದ್ದಪ್ಪ ಅವನ ಪಕ್ಕೆಗೆ ಒದ್ದ.

"ನಿನ್ನ ಲೆಕ್ಕದ ಮ್ಯಾಲ ನಿನಗ ನಂಬಿಗಿ ಇಲ್ಲೇನ್ಲೇ?" ಎಂದು ಶಂಭುಲಿಂಗಪ್ಪ ಗಟಗಟ ಕುಡಿದ.

ಸ್ವಲ್ಪ ಹೊತ್ತಿಗೆ ಹೊಟ್ಟೆ ಹಿಡಿದು ಕುಸಿದ. ನೀಲಿಹಸಿರು ವಾಂತಿ ಅಂಗಿಯ ಮೇಲೆಲ್ಲ ಹರಿಯಿತು. ತೆವಳಿ ಬಂದು ತಿರಕಪ್ಪನ ಕುತ್ತಿಗೆ ಹಿಡಿದು ಅವನ ತಲೆಯನ್ನು ದಂಡೆಯ ಕಲ್ಲಿಗೆ ಗುದ್ದಿದ. "ಐದಕ್ಕ ಬೀಳತೈತಿ ಅಂತ ಹೇಳಿ ನನ್ನ ಕೊಲ್ಲಾಕ ಬಂದೀಯೇನ್ಲೇ!" ಮತ್ತೆ ಗುದ್ದಿದ, ಅವನ ಮುಖದ ಮೇಲೆಯೇ ಕಾರಿದ.

"ಕುರಿಗೆ ವಾಂತಿನೂ ಬರೂದಿಲ್ಲಪಾ," ಎಂದ ಅಮೋಘಸಿದ್ದಪ್ಪ. "ಸಾವ್ಕಾರ್ರ ದೈವ ಚಲೋ ಐತಿ."

ಭರಮಪ್ಪ ಸಾಹುಕಾರನನ್ನು ಕಾಲಿನಿಂದ ಬದಿಗೆ ಹೊರಳಿಸಿದ. ತಿರಕಪ್ಪನ ಬಲಗೈ ಕಲ್ಲಿನ ಮೇಲಿತ್ತು. ಅದನ್ನು ಮೆಟ್ಟಿ ನಿಂತ.

"ಐದಕ್ಕ ಬೀಳತೈತಿ ಅಂತ ಹೇಳಿದಾಂವ ನೀನ ಏನು?"

"ಹೌದ್ರಿ. ಐದಕ್ಕ ಬೀಳಾಕ ಸುರು ಆಗತೈತಿ. ಮುಗ್ಯಾಕ ಎಂಟಾಗಬೇಕು."

"ಗೊತ್ತಿತ್ತೇನ?"

"ಪುಸ್ತಕದಾಗ ಇತ್ತರಿ. ನಾ ಸುರು ಆಗೂದಷ್ಟ ಲೆಕ್ಕ ಮಾಡಿದ್ನಿ."

ಭರಮಪ್ಪ ಕೊಡಲಿಯನ್ನು ತಿರುವಿ ಹಿಡಿದು ಅದರ ಹಿಂಬದಿಯಿಂದ ಬೆರಳುಗಳ ಮೇಲೆ ಹೊಡೆದ. ಎಲುಬು ಮುರಿದ ಸಪ್ಪಳ ತಿರಕಪ್ಪನ ಚೀರಾಟಕ್ಕಿಂತ ಮೊದಲು ಕೇಳಿತು.

"ಇನ್ನೊಂದು ಕೈ ಐತಲ್ಲ. ಮುಗಸು."

ತಿರಕಪ್ಪ ಎಡಗೈಯಿಂದ ಸುಣ್ಣದ ಚೀಲ ಎಳೆದು ಹೊಂಡಕ್ಕೆ ಸುರಿದ. ನೀರು ನೀಲಿ ಗಂಜಿಯಂತೆ ದಪ್ಪಗಾಯಿತು. ಶಂಭುಲಿಂಗಪ್ಪನನ್ನು ಚಕ್ಕಡಿಯಲ್ಲಿ ಹಾಕಿಕೊಂಡು ಆಳುಗಳು ನವಲಗುಂದದ ದವಾಖಾನೆಗೆ ಹೊರಟರು. ಪಟ್ಟಿ ಆರು ತೋರಿಸಿತು, ಆಮೇಲೆ ಏಳು. ಚೀಲ ಖಾಲಿಯಾಯಿತು.

"ಸುಣ್ಣ ತೀರಿತ್ರಿ," ಎಂದ ತಿರಕಪ್ಪ. "ಇನ್ನೂ ಮುಗದಿಲ್ಲ."

ಭರಮಪ್ಪ ಅವನನ್ನು ನೋಡಿದ. ಹೊಡೆಯಲಿಲ್ಲ. ತೂಬಿನ ಕಟ್ಟೆ ಹತ್ತಿ, ಹಳ್ಳಕ್ಕೆ ನೀರು ಬಿಡಲು ಮುಚ್ಚಿದ ತೂಬನ್ನು ಎತ್ತುವ ಕಬ್ಬಿಣದ ಹಿಡಿಕೆಗೆ ಕೊಡಲಿ ಬೀಸಿದ. ಮೊದಲ ಏಟಿಗೆ ಅದು ಬಾಗಿತು. ಎರಡನೆಯದಕ್ಕೆ ಮುರಿದು ಹೊಂಡದಲ್ಲಿ ಬಿತ್ತು.