ನನ್ನ ಬಾಯಿಂದ ಸುಳ್ಳು ಕೂಗಿಸಿದರು

ನಾನು ಒಂದು ಲೌಡ್ ಸ್ಪೀಕರ್. ಜನ ನನ್ನನ್ನು ಮೈಕು ಅನ್ನುತ್ತಾರೆ. ಅದೂ ತಪ್ಪೇ! ಮೈಕು ಬೇರೆ, ಅದರ ಮುಂದೆ ಆಡಿದ್ದನ್ನು ಊರಿಗೆಲ್ಲ ಕೂಗಿ ಹೇಳುವ ಅಗಲ ಬಾಯಿ ನಾನು. ಹುಬ್ಬಳ್ಳಿಯ ಒಂದು ಕಾರ್ಖಾನೆಯಲ್ಲಿ ಅಲ್ಯೂಮಿನಿಯಂ ತಗಡು ಬಡಿದು ನನ್ನನ್ನು ಮಾಡಿದರು. ಬಾಯಿ ಕೊಟ್ಟರು, ಮಾತು ಕೊಡಲಿಲ್ಲ. ಯಾರು ಏನು ಹೇಳಿದರೂ ಕೂಗಲೇಬೇಕು. ಇಂಥ ಹಣೆಬರಹ ನನ್ನ ವೈರಿಗೂ ಬೇಡ.

ನನ್ನನ್ನು ಕೊಂಡವನು ನಾಟಕ ಕಂಪನಿಯ ಮಾಲೀಕ ಬಸಲಿಂಗಪ್ಪ ಮಾಸ್ತರ. ಕ್ಯಾಂಪ್ ಹಾಕಿದ ಊರಿನಲ್ಲೆಲ್ಲ ಬೆಳಿಗ್ಗೆ ನನ್ನನ್ನು ಜೀಪಿನ ಮೇಲೆ ಕಟ್ಟಿ ಪ್ರಚಾರಕ್ಕೆ ಒಯ್ಯುತ್ತಿದ್ದರು. ಮಧ್ಯಾಹ್ನ ಅಡುಗೆ ಮನೆಯ ತಗಡಿನ ಗೋಡೆಗೆ ತೂಗುಹಾಕುತ್ತಿದ್ದರು. ನಾನು ಅಂಬುಜಾಬಾಯಿಯವರನ್ನು ಕಂಡದ್ದು ಅಲ್ಲೇ. ಕೆರೂರಿನವರು, ಕಂಪನಿಯ ಮುಖ್ಯ ನಟಿ. ಅಕ್ಕಿ ಆರಿಸುತ್ತಲೇ ನಾಟಕದ ಮಾತು ಕಟ್ಟುತ್ತಿದ್ದರು. ಕಟ್ಟಿದ್ದನ್ನು ಅಡುಗೆಯ ಶಾಂತವ್ವನ ಮುಂದೆ ಆಡಿ ತೋರಿಸುತ್ತಿದ್ದರು. ಶಾಂತವ್ವ ನಕ್ಕರೆ ಆ ಮಾತು ಉಳಿಯಿತು, ನಗದಿದ್ದರೆ ಹೋಯಿತು. ‘ಬಾಯಿ ಮುಚ್ಚದ ಸೊಸಿ’ ನಾಟಕ ಹುಟ್ಟಿದ್ದು ಹೀಗೆ, ನನ್ನ ಕಣ್ಣೆದುರಿಗೆ.

ಮೊದಲ ಆಟದ ದಿನ ಜೀಪು ಹೊರಟಿತು. ನನ್ನ ಬಾಯಿಂದ ಹೊರಟದ್ದೇನು ಗೊತ್ತೇ? “ನಾಟಕ ರಚನೆ, ಬಸಲಿಂಗಪ್ಪ ಮಾಸ್ತರ!” ಥೂ! ಗೆದ್ದಲು ಕಟ್ಟಿದ ಹುತ್ತ ಹಾವಿನ ಪಾಲಾಯಿತು. ಅವನು ಆ ನಾಟಕದ ಒಂದು ಸಾಲನ್ನೂ ಬರೆದವನಲ್ಲ.

“ಮಾಸ್ತರ್ರ, ಬರದಾಕಿ ನಾನು. ನನ್ನ ಹೆಸರ ಯಾಕ ಹೇಳಲಿಲ್ಲ?” ಎಂದು ಅಂಬುಜಾಬಾಯಿ ಕೇಳಿದರು.

“ಹೆಣ್ಮಗಳು ಬರದ ನಾಟಕ ಅಂದ್ರ ಯಾರ ಬರ್ತಾರವಾ? ನೀ ಬಣ್ಣಾ ಹಚ್ಗೊ, ಅಷ್ಟ ಸಾಕು,” ಎಂದ ಮಾಸ್ತರ.

ಅವರು ಅತ್ತದ್ದನ್ನು ನಾನು ಕಾಣಲಿಲ್ಲ. ಅಕ್ಕಿಯ ಮೊರವನ್ನು ಎತ್ತಿ ಕುಕ್ಕಿದ್ದನ್ನು ಕಂಡೆ. ಆ ಕ್ಯಾಂಪ್ ಮುಗಿದ ಮೇಲೆ ಕಂಪನಿ ಬಿಟ್ಟರು. ಅಷ್ಟರಲ್ಲಿ ನನ್ನ ಬಾಯಂಚು ಸೀಳಿತ್ತು, ಮಾಸ್ತರ ನನ್ನನ್ನು ಮೂಲೆಗೆ ಎಸೆದಿದ್ದ. “ಈ ಹರಕ ಬಾಯಿ ನನಗ ಇರಲಿ,” ಎಂದು ಕೇಳಿ ಒಯ್ದರು. ಶಾಂತವ್ವನೂ ಹಿಂದೆಯೇ ಬಂದಳು.

ಅಂಬುಜಾಬಾಯಿ ಸ್ವಂತ ಕಂಪನಿ ಕಟ್ಟಿದರು. ಮಾಸ್ತರನ ಜೀಪು ಸುತ್ತಿದ್ದ ಗಜೇಂದ್ರಗಡದಲ್ಲೇ ಮೊದಲ ಕ್ಯಾಂಪ್, ಅದೇ ನಾಟಕ, ಈ ಸಲ ತಮ್ಮ ಹೆಸರಿನಲ್ಲಿ. ಊರಿನವರು ಏನಂದರು ಕೇಳಿ: “ಇದು ಮಾಸ್ತರ್ರ ನಾಟಕ. ಮೈಕಿನ್ಯಾಗ ಹೇಳಿದ್ದು ನಾವ ಕೇಳೇವಿ. ಈಕಿ ಕದ್ದಾಳ.” ಅಯ್ಯೋ ಕರ್ಮವೇ! ನಾನು ಕೂಗಿದ ಸುಳ್ಳೇ ಅವರ ವಿರುದ್ಧ ಸಾಕ್ಷಿ ಹೇಳಿತು. ಟೆಂಟಿಗೆ ಒಂದು ನರಪಿಳ್ಳೆಯೂ ಬರಲಿಲ್ಲ. ಇನ್ನೊಂದು ವಾರ ಹೀಗೇ ಆದರೆ ಕಂಪನಿ ಮುಚ್ಚಬೇಕಿತ್ತು.

ಮರುದಿನ ಅಂಬುಜಾಬಾಯಿ ಸೆರಗು ಸಿಕ್ಕಿಸಿ ತಾವೇ ಜೀಪು ಹತ್ತಿ ಮೈಕು ಹಿಡಿದರು.

“ಕಳ್ಳಿ ಅಂದಾವ್ರೆಲ್ಲಾ ಬರ್ರಿ! ಸೊಸಿ ಕಡೀಕ ಏನ ಮಾಡ್ತಾಳ? ಇವತ್ತ ಒಂದ ನೋಡ್ರಿ, ನಾಳೆ ಬ್ಯಾರೇದ ನೋಡ್ರಿ. ದಿನಾ ಹೊಸಾ ಕೊನಿ ಕೊಡ್ತೀನಿ. ಕದ್ದಾಕಿಗೆ ಆಗೂ ಕೆಲಸ ಅಲ್ಲಿದು, ಹಡದಾಕಿಗೇ ಆಗೂದು!”

ಆಹಾ, ಏನು ಹೇಳಲಿ! ನನ್ನ ಸೀಳಿದ ಬಾಯಿಯೂ ಅಂದು ಗುಡುಗಿತು. ಮೊದಲ ದಿನ ಸೊಸೆ ಮನೆ ಬಿಟ್ಟು ನಡೆದಳು. ಮರುದಿನ ಅತ್ತೆಯನ್ನೇ ತನ್ನ ಕಡೆಗೆ ಎಳೆದುಕೊಂಡಳು. ಇನ್ನೊಂದು ದಿನ ಗಂಡನನ್ನು ಬೀಸುವ ಕಲ್ಲಿನ ಮುಂದೆ ಕೂರಿಸಿದಳು. ಆಡಿಕೊಳ್ಳಲು ಬಂದವರೇ ನಾಳೆಯ ಕೊನೆ ಏನೆಂದು ಕೇಳುತ್ತ ಮನೆಗೆ ಹೋದರು. ಕಳ್ಳಿ ಎಂಬ ಮಾತು ಆ ಊರಿನಲ್ಲಿ ಮತ್ತೆ ಕೇಳಲಿಲ್ಲ.

ಆಮೇಲೆ ಎಷ್ಟೋ ಊರು ಸುತ್ತಿದೆವು. ಮುಪ್ಪಿನಲ್ಲಿ ಅವರಿಗೆ ಶಾಲು ಹೊದಿಸಿ ‘ಹಿರಿಯ ನಟಿ’ ಎಂದರು. ಅವರು ಶಾಲು ಮಡಚುತ್ತ, “ನಟಿ ಅಂದ್ರಿ, ಛಲೋ ಆತು. ಬರದಾಕಿ, ಕಂಪನಿ ನಡಸಿದಾಕಿ ಯಾರು, ನಮ್ಮ ಅಜ್ಜೀ ಏನ್ರಿ?” ಎಂದು ಕೇಳಿದರು. ಸಭೆ ನಕ್ಕಿತು. ನನಗೆ ಮೈಯೆಲ್ಲ ಉರಿಯಿತು.

ಈಗ ಅವರಿಲ್ಲ. ನಾನು ಗದಗಿನ ಗುಜರಿ ಅಂಗಡಿಯಲ್ಲಿ ಬಿದ್ದಿದ್ದೇನೆ. ನಿನ್ನೆ ರಸ್ತೆಯಲ್ಲಿ ಒಂದು ಪ್ರಚಾರದ ಆಟೊ ಹೋಯಿತು. ಅದರ ಮೇಲೆ ನನ್ನ ಜಾತಿಯವನೇ ಒಬ್ಬ, ಹೊಳೆಯುವ ಹೊಸಬ, ಕೂಗುತ್ತಿದ್ದ: “ಬಾಯಿ ಮುಚ್ಚದ ಸೊಸಿ! ರಚನೆ, ದಿವಂಗತ ಬಸಲಿಂಗಪ್ಪ ಮಾಸ್ತರ!”

ಸತ್ತ ಮೇಲೂ ಬಿಡಲಿಲ್ಲವಲ್ಲ! ಆ ಹೊಸಬನನ್ನು ಬಯ್ಯಲಾರೆ. ಅವನಿಗೂ ಬಾಯಿ ಕೊಟ್ಟಿದ್ದಾರೆ, ಮಾತು ಕೊಟ್ಟಿಲ್ಲ. ನನಗೀಗ ವಯರಿಲ್ಲ, ಕರೆಂಟಿಲ್ಲ. ಗುಜರಿಯವನು ನನ್ನ ಬಾಯಿಗೆ ತುಕ್ಕು ಹಿಡಿದ ಮೊಳೆ ತುಂಬಿಟ್ಟಿದ್ದಾನೆ. ಆದರೆ ಈಗ ನನ್ನ ಹಿಂದೆ ಮೈಕು ಹಿಡಿದವರು ಯಾರೂ ಇಲ್ಲ. ಹುಟ್ಟಿದಂದಿನಿಂದ ಇದೊಂದೇ ನನ್ನ ಸ್ವಂತ ಮಾತು.

ಕಲಾಪ್ರೇಮಿಗಳೇ, ಕೇಳಿರಿ! ‘ಬಾಯಿ ಮುಚ್ಚದ ಸೊಸಿ’. ರಚನೆ, ಅಂಬುಜಾಬಾಯಿ ಕೆರೂರ. ಕಂಪನಿಯ ಮಾಲೀಕರು, ಅಂಬುಜಾಬಾಯಿ ಕೆರೂರ. ಸೊಸೆಯ ಪಾತ್ರದಲ್ಲಿ, ಅಂಬುಜಾಬಾಯಿ ಕೆರೂರ.