ಚಿಲಕದ ಸಾಲು

ಬೂದಿಜ್ವರ ಬಂದವರ ಉಗುರು ಮೊದಲು ಬೂದಿ ಬಣ್ಣಕ್ಕೆ ತಿರುಗುತ್ತದೆ, ಆಮೇಲೆ ದನಿ ಹೋಗುತ್ತದೆ, ಆಮೇಲೆ ಮನುಷ್ಯರೇ ಹೋಗುತ್ತಾರೆ. ಆ ಊರಿನಲ್ಲಿ ಅದಕ್ಕಿದ್ದ ಮದ್ದು ಒಂದೇ, ಹಾಡು. ಹಾಡುಗಿತ್ತಿ ರೋಗಿಯ ಕೈ ಹಿಡಿದು ಕೂರಬೇಕು. ಪಕ್ಕದಲ್ಲಿ ಬಟ್ಟೆ ಮುಚ್ಚಿದ ತಾಮ್ರದ ಬೋಗುಣಿಯಲ್ಲಿ ಬೆಚ್ಚಗಿನ ನೀರಿರಬೇಕು. ಬೀದಿ ಬಾಗಿಲಿಗೆ ಚಿಲಕ ಹಾಕಿರಬೇಕು. ಹಾಡಿನ ನಡುವೆ ಒಂದು ಸಾಲು ಬರುತ್ತದೆ: 'ಹೋಗುವುದಾದರೆ ಹೋಗು, ಇರುವುದಾದರೆ ಇರು, ಬಾಗಿಲು ನಿನ್ನದು.' ಅದನ್ನು ಹಾಡಿದೊಡನೆ ಮನೆಯವರಲ್ಲೊಬ್ಬರು ಚಿಲಕ ತೆಗೆದು ಬಾಗಿಲನ್ನು ಹಾರುಹೊಡೆಯಬೇಕು. ಜೀವ ಹೊರಟರೆ ನೀರು ತಣ್ಣಗಾಗುತ್ತದೆ. ಉಳಿಯುವ ಜೀವವಾದರೆ ಚಿಲಕದ ಸಾಲಿಗೆ ಮೊದಲೇ ಬೋಗುಣಿಯ ತಳದಲ್ಲಿ ಮಸಿಯ ಉಂಗುರ ಕೂತಿರುತ್ತದೆ, ಬಾಗಿಲು ತೆರೆದ ಮೇಲೆ ನೀರೆಲ್ಲ ಕಪ್ಪಾಗುತ್ತದೆ. ಆದರೆ ಹಾಡು ಮುಗಿಯುವ ತನಕ ಬಟ್ಟೆ ಸರಿಸಿ ಇಣುಕುವಂತಿಲ್ಲ.

ಮೇಲಿನ ಬೀದಿಯ ಹಾಡುಗಿತ್ತಿ ಈ ಸಾಲನ್ನು ಯಾರ ಯಾರ ಮನೆಯಲ್ಲೋ ಹಾಡಿದ್ದಳು. ದನಿ ಎಷ್ಟು ಇಂಪೋ ಬಾಯಿ ಅಷ್ಟೇ ಜೋರು. ಒಮ್ಮೆ ಒಬ್ಬ ತಾಯಿ ಚಿಲಕದ ಮೇಲೆ ಕೈಯಿಟ್ಟು, ತೆಗೆಯಲಾರೆ ಎಂದು ಅತ್ತಾಗ, "ನಿನ್ನ ಅಳು ಆಮೇಲಿಟ್ಕೋ ತಾಯಿ, ಮೊದಲು ಬಾಗ್ಲು ತೆಗಿ. ಕಟ್ಟಿಹಾಕಿದ ಜೀವ ಉಳಿಯಲ್ಲ" ಎಂದು ಗದರಿದ್ದಳು. ಆ ಗದರಿಕೆ ಬಹಳ ದಿನ ಬೀದಿಯ ಬಾಯಲ್ಲಿತ್ತು.

ಈಗ ಜ್ವರ ಅವಳ ಮಗಳಿಗೇ ಬಂದಿತ್ತು. ಮಗಳು ದೀಪದ ಗಾಜು ಊದುವ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದಳು. ಬಾಯಿಂದ ಊದುಗೊಳವೆ ತೆಗೆದದ್ದೇ ತಡ, ಮಾತು ಶುರು. ಹಾಗಾಗಿ ಎಲ್ಲರೂ ಅವಳನ್ನು ಗಿಣಿ ಎನ್ನುತ್ತಿದ್ದರು.

ಹಾಡುಗಿತ್ತಿ ಸ್ವಂತ ರಕ್ತಕ್ಕೆ ಹಾಡಬಾರದೆಂಬುದು ಕಟ್ಟಲೆ. ಆದರೆ ಊರಿನಲ್ಲಿದ್ದ ಇನ್ನೊಬ್ಬ ಹಾಡುಗಿತ್ತಿಯೆಂದರೆ ಎದುರುಮನೆಯ ಅಜ್ಜಿ. ಇವಳಿಗೆ ಹಾಡು ಕಲಿಸಿದವಳೂ ಅವಳೇ. ಹಿಂದಿನ ಚಳಿಗಾಲದ ಜ್ವರದಲ್ಲಿ ಅಜ್ಜಿ ಬದುಕಿಕೊಂಡಿದ್ದಳು, ದನಿ ಮಾತ್ರ ಹೋಗಿಬಿಟ್ಟಿತ್ತು.

"ನೀನೇ ಹಾಡ್ಬೇಕಲ್ಲಮ್ಮ," ಎಂದಳು ಗಿಣಿ. ದನಿ ಆಗಲೇ ಗೊಗ್ಗರಾಗಿತ್ತು. "ಶ್ರುತಿ ತಪ್ಪಿದ್ರೆ ಎದ್ದು ಹೋಗ್ಬಿಡ್ತೀನಿ, ನೋಡು."

"ಬಿಡ್ತು ಅನ್ನು!"

"ತಮಾಷೆಗಂದೆ. ಬಾಗ್ಲು ತೆಗ್ದ್ರೂ ಎಲ್ಲಿಗ್ಹೋಗ್ಲಿ? ಹೊರಗೆ ಎಂಥಾ ಚಳಿ." ಅವಳು ಆಡಿದ ಕೊನೆಯ ಮಾತು ಅದೇ.

ಎರಡು ಸೂರ್ಯರ ಊರು ಅದು; ಮಧ್ಯಾಹ್ನ ದೊಡ್ಡ ಸೂರ್ಯ ಇಳಿದು ಚಿಕ್ಕ ಸೂರ್ಯ ಹುಟ್ಟುವ ಹೊತ್ತಿಗೆ ಹಾಡು ಶುರುವಾಯಿತು. ಗಿಣಿಯ ಅಪ್ಪ, ಬಣ್ಣದ ತೊಟ್ಟಿಯಲ್ಲಿ ಬಟ್ಟೆ ಅದ್ದಿ ಅದ್ದಿ ಮೊಣಕೈತನಕ ನೀಲಿಯಾದವನು, ಚಿಲಕ ಹಿಡಿದು ನಿಂತ. ಹಾಡು ಏರಿತು, ಇಳಿಯಿತು, ನಡುವಿಗೆ ಬಂತು. ಅಂಗೈಯಲ್ಲಿದ್ದ ಮಗಳ ಕೈ ಬಿಸಿಯಾಗಿತ್ತು, ಜೀವಂತವಾಗಿತ್ತು. 'ಹೋಗು' ಎಂಬ ಪದ ಗಂಟಲಿನವರೆಗೆ ಬಂದು ನಿಂತಿತು. ಹೆತ್ತ ಬಾಯಲ್ಲಿ ಅದನ್ನು ಹೇಗೆ ಹೇಳುವುದು? ಅವಳು ಹೇಳಲಿಲ್ಲ. ಆ ಸಾಲನ್ನು ದಾಟಿಕೊಂಡು ಮುಂದಿನ ಸಾಲಿಗೆ ಹೋದಳು. ಕೊನೆಯವರೆಗೂ ಒಂದು ಸ್ವರವೂ ತಪ್ಪಲಿಲ್ಲ. ಬಾಗಿಲು ತೆರೆಯಲೂ ಇಲ್ಲ.

ಗಿಣಿ ಸಾಯಲಿಲ್ಲ. "ಹಾಡು ಫಲ ಕೊಡ್ತು ಬಿಡಿ" ಎಂದರು ನೆರೆಹೊರೆಯವರು. ಆದರೆ ಅವಳು ಏಳಲೂ ಇಲ್ಲ. ಕಣ್ಣು ತೆರೆದೇ ಇತ್ತು, ರೆಪ್ಪೆ ಬಡಿಯುತ್ತಿರಲಿಲ್ಲ. ಗಂಜಿ ಕುಡಿಸಿದರೆ ಕಟಬಾಯಿಂದ ಹರಿದು ದಿಂಬು ಸೇರುತ್ತಿತ್ತು. ತುಟಿ ಮಾತ್ರ ಅಲ್ಲಾಡುತ್ತಿತ್ತು. ತುಟಿಯ ಮೇಲಿದ್ದದ್ದು ಚಿಲಕದ ಸಾಲಿಗೆ ಹಿಂದಿನ ಸಾಲು. ದನಿಯಿಲ್ಲದ ಬಾಯಲ್ಲಿ ಅದೊಂದನ್ನೇ ಹೇಳುವಳು, ನಿಲ್ಲುವಳು, ಕಾಯುವಳು, ಮತ್ತೆ ಮೊದಲಿನಿಂದ ಹೇಳುವಳು. ಸಾಲು ಬಿಟ್ಟ ಹಾಡು ಮುಗಿದ ಲೆಕ್ಕವಲ್ಲ, ಬೋಗುಣಿಯ ಬಟ್ಟೆ ಸರಿಸುವಂತಿರಲಿಲ್ಲ; ತಾಯಿ ಬಟ್ಟೆಯಡಿ ಬೆರಳು ತೂರಿಸಿ ನೋಡಿದರೆ ನೀರು ಉಗುರುಬೆಚ್ಚಗೇ ಇತ್ತು, ಬಿಸಿಯೂ ಅಲ್ಲ, ತಣ್ಣಗೂ ಅಲ್ಲ. ದಿನ ಕಳೆದಂತೆ ಹುಡುಗಿ ಸವೆದು ಸವೆದು ಹಾಸಿಗೆಯಲ್ಲಿ ಇದ್ದಾಳೋ ಇಲ್ಲವೋ ಎಂಬಂತಾದಳು.

ಒಂದು ಬೆಳಗ್ಗೆ ಅಜ್ಜಿ ಕೋಲೂರಿಕೊಂಡು ಬಂದಳು. ಗಿಣಿಯ ತುಟಿಯನ್ನೇ ಬಹಳ ಹೊತ್ತು ನೋಡಿದಳು. ಮಾತಾಡಲು ದನಿಯಿಲ್ಲ. ಎದ್ದು ಹೋಗಿ ಬೀದಿ ಬಾಗಿಲಿನ ಚಿಲಕವನ್ನು ಸರಕ್ಕನೆ ಎಳೆದಳು, ಮತ್ತೆ ಹಾಕಿದಳು. ತಿರುಗಿ ತನ್ನ ಶಿಷ್ಯೆಯ ಮುಖ ನೋಡಿದಳು. ಹಾಡುಗಿತ್ತಿ ತಲೆ ಎತ್ತಲಿಲ್ಲ.

ಅಜ್ಜಿ ಹೋದ ಮೇಲೆ ಗಂಡ ಗೋಡೆಗೊರಗಿ ಕುಸಿದು ಕೂತ. "ನಂಗೆ ಅವತ್ತೇ ಗೊತ್ತಾಗಿತ್ತು ಕಣೇ. ಇಷ್ಟು ವರ್ಷ ಕೇಳಿದೀನಿ, ಸಾಲು ಬಿಟ್ಟಿದ್ದು ಗೊತ್ತಾಗಲ್ವಾ?"

"ಮತ್ತೆ ಯಾಕ್ರೀ ಬಾಯಿ ಬಿಡ್ಲಿಲ್ಲ?"

"ಸದ್ಯ, ಆ ಸಾಲು ಬಿಟ್ಟಳಲ್ಲ ಅನ್ನಿಸ್ತು."

ಇಬ್ಬರೂ ಅತ್ತರು. ಒಬ್ಬರನ್ನೊಬ್ಬರು ಬೈಯುವ ತ್ರಾಣವೂ ಉಳಿದಿರಲಿಲ್ಲ. ಹಾಸಿಗೆಯ ಮೇಲೆ ಗಿಣಿಯ ತುಟಿ ಅದೇ ಸಾಲು ಹೇಳಿ ನಿಂತಿತು, ಕಾಯಿತು. ಇದನ್ನು ಇನ್ನೂ ನೋಡಿಕೊಂಡಿರಲು ಅವರಿಂದಾಗಲಿಲ್ಲ.

ಅವಳು ಮಗಳ ಕೈ ಹಿಡಿದಳು. ಈಗ ಅದು ಒಣ ಕಡ್ಡಿಯಷ್ಟೇ ಇತ್ತು. ಅವನು ಚಿಲಕ ಹಿಡಿದ. ಹಾಡುಗಿತ್ತಿ ಬಿಟ್ಟ ಸಾಲಿನಿಂದಲೇ ಎತ್ತಿಕೊಂಡಳು. ದನಿ ಒಡೆಯಿತು, ಶ್ರುತಿ ತಪ್ಪಿತು. "ಹೋಗುವುದಾದರೆ ಹೋಗು..." ಪೂರ್ತಿ ಹಾಡಿದಳು. ಚಿಲಕ ಸದ್ದು ಮಾಡಿತು, ಬಾಗಿಲು ತೆರೆಯಿತು. ಚಳಿಗಾಳಿಯೊಡನೆ ಬೀದಿಯ ಬೆಳಕು ಹಾಸಿಗೆಯ ಮೇಲೆ ಬಿತ್ತು. ಗಿಣಿಯ ತುಟಿ ನಿಂತಿತು. ಅಷ್ಟು ದಿನದ ಮೇಲೆ ರೆಪ್ಪೆ ಒಮ್ಮೆ ಬಡಿಯಿತು, ಆಮೇಲೆ ಮುಚ್ಚಿತು. ತಾಯಿ ಬಟ್ಟೆಯಡಿ ಬೆರಳಿಟ್ಟಳು. ನೀರು ಕೊರೆಯುತ್ತಿತ್ತು.

ಎಲ್ಲ ಮುಗಿದು, ಬಂದವರೆಲ್ಲ ಹೋದ ಮೇಲೆ ಅವಳು ಬೋಗುಣಿಯನ್ನು ಬಚ್ಚಲಿಗೆ ಒಯ್ದಳು. ಬೋಗುಣಿ ತೊಳೆಯುವುದು ಹಾಡುಗಿತ್ತಿಯದೇ ಕೆಲಸ. ನೀರು ತಿಳಿಯಾಗಿತ್ತು, ಚೆಲ್ಲಿದಳು. ತಳದಲ್ಲಿ ಕಪ್ಪಗೆ ಒಂದು ಉಂಗುರ ಕೂತಿತ್ತು.

ಹೋಗುವ ಜೀವಕ್ಕೆ ಉಂಗುರ ಕೂರುವುದಿಲ್ಲ. ಅಂದಂದೇ ಕೂತದ್ದಾದರೆ ಬೆರಳಿಗೆ ಮಸಿ ಹತ್ತುತ್ತದೆ. ಇದು ಗಟ್ಟಿ ಕಟ್ಟಿತ್ತು, ಉಗುರಿಗೂ ಬರಲಿಲ್ಲ. ಮೊದಲ ದಿನದ್ದು. ಅವಳು ಸಾಲನ್ನು ನುಂಗಿಕೊಂಡ ಮಧ್ಯಾಹ್ನ ಗಿಣಿ ಇರುತ್ತೇನೆಂದು ಆಗಲೇ ತೀರ್ಮಾನಿಸಿದ್ದಳು. ಬಾಗಿಲು ತೆರೆಯುವುದೊಂದೇ ಬಾಕಿಯಿತ್ತು. ಹಾಡುಗಿತ್ತಿ ಬಚ್ಚಲಿನ ಕಲ್ಲು ಹಿಡಿದು ಕೂತಳು.

"ಏನದು?" ಗಂಡ ಬಾಗಿಲಲ್ಲಿ ನಿಂತಿದ್ದ. ಅವನ ಕಣ್ಣು ಬಾತುಕೊಂಡಿತ್ತು. ಅವನಿಗೆ ಹಾಡು ಗೊತ್ತಿತ್ತು, ಬೋಗುಣಿಯ ತಳದ ಉಂಗುರದ ವಿಷಯ ಗೊತ್ತಿರಲಿಲ್ಲ.

"ಏನಿಲ್ಲ ರೀ. ಹಳೇ ಕಲೆ," ಎಂದು ಅವಳು ಮರಳು ಹಾಕಿ ಉಜ್ಜತೊಡಗಿದಳು.

ಅವನು ಪಕ್ಕದಲ್ಲಿ ಕುಕ್ಕರಗಾಲಲ್ಲಿ ಕೂತು, ಅವಳು ಉಜ್ಜಿದಂತೆಲ್ಲ ತಂಬಿಗೆಯಿಂದ ನೀರು ಹಾಕುತ್ತಿದ್ದ.