ಮೆಟ್ಟಿಲ ತಿರುವಿನಲ್ಲಿ ನಿಂತವನು

“ತಲೆ ಕಡೆಯವರು ಸ್ವಲ್ಪ ಹಿಂದೆ ಬನ್ನಿ!”

“ಹಿಂದೆ ಗೋಡೆ ಇದೆಯಪ್ಪಾ, ಅದರೊಳಗೆ ಹೋಗ್ಲಾ?”

ಹಲಗೆಗೆ ಬಿಗಿದ ಹೆಣ ಮೆಟ್ಟಿಲ ತಿರುವಿನಲ್ಲಿ ಸಿಕ್ಕಿಕೊಂಡಿತ್ತು. ಅಂಥ ಉದ್ದದ ಆಳನ್ನು ಆ ಊರು ಹಿಂದೆ ಕಂಡಿರಲಿಲ್ಲ, ಮುಂದೆ ಕಾಣುವುದೂ ಇಲ್ಲ. ಫ್ಯಾನ್ ರಿಪೇರಿ ಅವನ ಕಸುಬು. ಏಣಿಯ ಮುಖ ನೋಡಿದವನಲ್ಲ. ಮೋಡ ತಲೆಗೆ ತಾಕೀತೆಂದು ಬಗ್ಗಿ ನಡೆಯುತ್ತಿದ್ದ. ಊರಿಗೆಲ್ಲ ಅವನು ಕಂಬಣ್ಣ.

“ಬದುಕಿದ್ದಾಗ ಯಾರಿಗೂ ಅಡ್ಡ ಬಂದೋರಲ್ಲ ನಮ್ಮ ಭಾವ. ಈಗ ನೋಡಿ!” ಎಂದ ಹೆಂಡತಿಯ ತಮ್ಮ, ಬೆವರೊರೆಸಿಕೊಳ್ಳುತ್ತ.

ಹೆಂಡತಿ ಮಾತ್ರ ಹೆಣದತ್ತ ನೋಡುತ್ತಿರಲಿಲ್ಲ. ಕೆಳಗಿನ ಮೆಟ್ಟಿಲಲ್ಲಿ ಅಪರಿಚಿತ ಹೆಂಗಸೊಬ್ಬಳು ಅಳುತ್ತ ನಿಂತಿದ್ದಳು. ಅವಳ ಉಗುರ ಸಂದಿಯಲ್ಲಿ ಕಪ್ಪು ಬಣ್ಣ. ಅದೇ ಕಪ್ಪು ಪ್ರತಿ ಭಾನುವಾರ ಸಂಜೆ ಗಂಡನ ಅಂಗಿಯ ತೋಳಿಗೆ ಮೆತ್ತಿರುತ್ತಿತ್ತು. ಅದನ್ನು ಉಜ್ಜಿ ಉಜ್ಜಿ ಹೆಂಡತಿ ಒಂದು ಕೆರೆಯನ್ನೇ ಬತ್ತಿಸಿದ್ದಳು. ಎಲ್ಲಿಗೆ ಹೋಗಿದ್ದಿರಿ ಎಂದರೆ ಅವನು ಬರೀ ನಗುತ್ತಿದ್ದ.

“ನೀನೇನಾ ಅವಳು?”

“ಅಕ್ಕಾ...”

“ಅಕ್ಕ ಗಿಕ್ಕ ಅನ್ಬೇಡ. ಇವರು ಬಾಗಿಲು ದಾಟೋಕೆ ಮುಂಚೆ ಹೇಳು. ಇವರು ನಿಂಗೇನಾಗ್ಬೇಕು?”

“ಊರಿನ ಗೋಡೆ ಮೇಲೆಲ್ಲಾ ಒಬ್ಬ ಕರೀ ಮನುಷ್ಯ ಇದ್ದಾನಲ್ಲ, ಬರೆದಿದ್ದು ನಾನು. ನಿಂತಿದ್ದು ಅಣ್ಣ.”

*

ಮೊದಲ ಸಲ ಮಾರುಕಟ್ಟೆಯ ಹಿಂದೆ, ಇಳಿಬಿಸಿಲಲ್ಲಿ ಅವನ ನೆರಳು ಗೋಡೆ ಹತ್ತಿ ಸೂರು ದಾಟಿ ಆಕಾಶಕ್ಕೆ ಕೈಹಾಕಿತ್ತು.

“ಅಲ್ಲಾಡ್ಬೇಡಿ ಅಣ್ಣಾ!” ಎಂದು ಚಿತ್ರಗಾರ್ತಿ ಕುಂಚ ಹಿಡಿದು ಓಡಿಬಂದಿದ್ದಳು.

ಬಿಸಿಲು ಸರಿಯುವುದರೊಳಗೆ ನೆರಳಿನ ಅಂಚು ಬರೆದು ಮುಗಿಯಬೇಕು. ಅವನು ಉಸಿರು ಕಟ್ಟಿ ನಿಲ್ಲುತ್ತಿದ್ದ. ಹಕ್ಕಿಗಳು ಮೋಸಹೋಗಿ ತಲೆಯ ಮೇಲೆ ಗೂಡಿಗೆ ಕಡ್ಡಿ ತರುತ್ತಿದ್ದವು. ಒಮ್ಮೆ ಮೂಗಿನ ಮೇಲೆ ನೊಣ ಕೂತಿತು. ಓಡಿಸಲು ಎತ್ತಿದ ಕೈಯನ್ನೂ ಅವಳು ಆತುರದಲ್ಲಿ ಬರೆದುಬಿಟ್ಟಳು. ಆ ಮೂರು ಕೈಯ ಮನುಷ್ಯನ ಮುಂದೆ ಪಂಡಿತರೆಲ್ಲ ನಿಂತು, ಇದು ನಗರದ ದುಃಖ ಎಂದು ಗಳಗಳನೆ ಅತ್ತರು.

“ನೊಣದ ದುಃಖ,” ಎಂದು ಅವನು ನಕ್ಕ.

“ನಿಮ್ಮ ಹೆಸರು ಹಾಕ್ಲಾ ಅಣ್ಣಾ?”

“ಬೇಡಮ್ಮಾ. ಕೆಲಸ ಬಿಟ್ಟು ಗೋಡೆಗೆ ನಿಂತಿದ್ದೆ ಅಂತ ಗೊತ್ತಾದ್ರೆ ನನ್ನ ಹೆಂಡ್ತಿ ಮನೆಗೇ ಸೇರಿಸಲ್ಲ.”

*

“ನಮ್ಮ ಅಡುಗೆಮನೆ ಎದುರಿಗಿರೋದು?” ಎಂದಳು ಹೆಂಡತಿ.

“ಅದೊಂದು ಗೋಡೆ ಮಾತ್ರ ಅಣ್ಣನೇ ಆರಿಸಿದ್ದು.”

“ನನ್ನನ್ನೇ ನೋಡ್ತಾನೆ ಅಂತ ಹೆದರಿ ನಾನು ಆ ಕಿಟಕಿ ತೆಗೆದೇ ಇಲ್ಲವಲ್ಲೇ...”

“ನಿಲ್ಲಿಸಿ ತಿರುಗಿಸೋಣ, ಬೇರೆ ದಾರಿಯಿಲ್ಲ,” ಎಂದ ತಮ್ಮ.

ಹಲಗೆ ನೆಟ್ಟಗೆ ನಿಂತಿತು. ಮಹಡಿಯ ಕಿಂಡಿಯಿಂದ ಬಂದ ಸಂಜೆಬಿಸಿಲಿಗೆ ಕಂಬಣ್ಣ ನೆರಳಾಗಿ ಗೋಡೆಯ ಮೇಲೆದ್ದ. ತಲೆ ಮಾತ್ರ ಎದೆಗೆ ವಾಲಿತ್ತು.

ಚಿತ್ರಗಾರ್ತಿಯ ಕೈ ಕುಂಚದ ಚೀಲಕ್ಕೆ ಹೋಗಿ, ಅಲ್ಲೇ ನಿಂತಿತು.

“ಏನ್ ನೋಡ್ತೀಯಾ? ಬಿಸಿಲು ಹೋಗುತ್ತೆ,” ಎಂದಳು ಹೆಂಡತಿ. ಎರಡು ಮೆಟ್ಟಿಲು ಹತ್ತಿ, ಅಂಗೈಯಿಂದ ಗಂಡನ ಗದ್ದ ಎತ್ತಿ ಹಿಡಿದಳು.

ಹೆಣ ಇಳಿಯಿತು, ಜನ ಇಳಿದರು. ಮೆಟ್ಟಿಲ ತಿರುವಿನಲ್ಲಿ ಉದ್ದನೆಯ ಕಪ್ಪು ಮನುಷ್ಯ ಒದ್ದೆಯಾಗಿ ನಿಂತಿದ್ದ. ಅವನ ಗದ್ದದ ಕೆಳಗೆ ಒಂದು ಪುಟ್ಟ ಕೈ, ಮಣಿಕಟ್ಟಿನವರೆಗೆ ಮಾತ್ರ. ಅಷ್ಟರಲ್ಲಿ ಬಿಸಿಲು ಸರಿದುಹೋಗಿತ್ತು.